ಆಫ್ ಮಾಡದೆ ಒಯ್ದ ಮಷೀನು

ನನ್ನ ಬಾಯಿ ಜೋರು. ನಮ್ಮಲ್ಲಿ ಇದು ಎಲ್ಲರಿಗೂ ಗೊತ್ತು, ನನಗೂ ಗೊತ್ತು. ಮೂರು ಊರಿನ ಕಂಪ್ಯೂಟರುಗಳನ್ನು ಒಬ್ಬಳೇ ನೋಡಿಕೊಳ್ಳುವವಳ ಬಾಯಿ ಮೆತ್ತಗಿದ್ದರೆ ಕೆಲಸ ಆದ ಹಾಗೆಯೇ! ಬಳ್ಳಾರಿ, ಸಿರುಗುಪ್ಪ, ಕುರುಗೋಡು ಮೂರೂ ಕಡೆ ನಮ್ಮ ಮಾಲೀಕರು ಕಂಪ್ಯೂಟರ್ ಕಲಿಸುವ ಕೇಂದ್ರ ಇಟ್ಟಿದ್ದಾರೆ. ಕಾಲೇಜಿನವರು, ಮನೆಯಲ್ಲಿರುವ ಹೆಂಗಸರು, ಟೈಪಿಂಗ್ ಕಲಿತು ಕೆಲಸ ಹುಡುಕುವವರು ದಿನವಿಡೀ ಬಂದು ಕೀಲಿಮಣೆ ಕುಟ್ಟಿ ಹೋಗುತ್ತಾರೆ. ಅವರು ಮಾಡಿಟ್ಟು ಹೋದ ರಾಡಿ ತೊಳೆಯುವವಳು ನಾನು.

ತೊಳೆಯುವುದಕ್ಕೆ ಒಂದು ತಂತ್ರಾಂಶವಿದೆ. ಕಂಪ್ಯೂಟರನ್ನು ಒಮ್ಮೆ ಚೊಕ್ಕಟ ಮಾಡಿ ಇದನ್ನು ಹಾಕಿಬಿಟ್ಟರೆ, ಆಮೇಲೆ ಯಾರು ಏನೇ ಮಾಡಲಿ, ಆಫ್ ಮಾಡಿ ಆನ್ ಮಾಡಿದ ಕೂಡಲೇ ಅದು ಆ ಚೊಕ್ಕಟ ದಿನಕ್ಕೇ ಮರಳುತ್ತದೆ. ಯಾರೋ ಹಾಕಿದ ಆಟ ಹೋಯಿತು, ಯಾರೋ ತಂದ ವೈರಸ್ಸೂ ಹೋಯಿತು. ನಾವು ಇದಕ್ಕೆ ಐಸ್ ಹಾಕುವುದು ಎನ್ನುತ್ತೇವೆ. ಬಳ್ಳಾರಿಯ ಬಿಸಿಲಲ್ಲಿ ಕರಗದ ಐಸ್ ಇದೊಂದೇ ಎಂದು ಮಾಲೀಕರು ಬಂದವರಿಗೆಲ್ಲ ಹೇಳಿ ನಗುತ್ತಾರೆ. ಆದರೆ ಐಸ್ ಹಾಕಿದ ಯಂತ್ರಕ್ಕೆ ಒಳ್ಳೆಯದು ಕೆಟ್ಟದ್ದು ಗೊತ್ತಾಗುವುದಿಲ್ಲ. ಕಷ್ಟಪಟ್ಟು ಮಾಡಿದ ಕೆಲಸವನ್ನೂ ಅದು ಹಾಗೆಯೇ ಮರೆತುಬಿಡುತ್ತದೆ. ಅದಕ್ಕೇ ಪ್ರತಿ ಬ್ಯಾಚಿಗೂ ಮೊದಲ ದಿನವೇ ಹೇಳುತ್ತೇವೆ, ನಿಮ್ಮ ಕೆಲಸ ಪೆನ್‌ಡ್ರೈವಿಗೆ ಹಾಕಿಕೊಳ್ಳಿ, ಆಮೇಲೆ ಬಂದು ಅಳಬೇಡಿ ಎಂದು.

ಹೋದ ಬೇಸಿಗೆಯ ಮೊದಲಲ್ಲಿ ಆ ತಂತ್ರಾಂಶದವರಿಂದಲೇ ಮೇಲ್ ಬಂತು. ಐಸಿನಲ್ಲೇ ಬಿರುಕು ಇದೆಯಂತೆ. ಪೆನ್‌ಡ್ರೈವಿನ ಮೂಲಕ ಬಂದ ವೈರಸ್ ಆ ಬಿರುಕಿನಿಂದ ಕೆಳಗಿಳಿದು ಕೂತರೆ ಎಷ್ಟು ಸಲ ಆಫ್ ಆನ್ ಮಾಡಿದರೂ ಹೋಗುವುದಿಲ್ಲವಂತೆ. ಬೇಗ ಅದನ್ನು ಮುಚ್ಚುವ ಪ್ಯಾಚ್ ಹಾಕಿಕೊಳ್ಳಿ ಎಂದು ಬರೆದಿದ್ದರು. ಕಾವಲಿಗೆ ಕೂತವನೇ ಬಾಗಿಲು ತೆರೆದಿಟ್ಟು ಮಲಗಿದ್ದಾನೆ ಎಂದ ಮೇಲೆ ನನಗೆ ನಿದ್ದೆ ಎಲ್ಲಿಂದ ಬರಬೇಕು?

ಪ್ಯಾಚ್ ಎಂದರೆ ಒಂದು ಗುಂಡಿ ಒತ್ತಿ ಚಹಾ ಕುಡಿಯಲು ಹೋಗುವ ಕೆಲಸ ಎಂದು ಮಾಲೀಕರು ತಿಳಿದಿದ್ದರು. ಮೊದಲು ಐಸ್ ಕರಗಿಸಬೇಕು, ಅದಕ್ಕೆ ಯಂತ್ರ ಒಮ್ಮೆ ಆರಿ ಹತ್ತಬೇಕು. ಪ್ಯಾಚ್ ಹಾಕಿ ಮತ್ತೆ ಆರಿಸಬೇಕು. ಎಲ್ಲ ಸರಿ ಇದೆಯೇ ನೋಡಿ ಪುನಃ ಐಸ್ ಹಾಕಬೇಕು, ಆಗ ಇನ್ನೊಮ್ಮೆ. ಐಸ್ ಕರಗಿಸದೆ ಹಾಕಿದರೆ ಪ್ಯಾಚನ್ನೇ ಯಂತ್ರ ಮರೆಯುತ್ತದೆ. ಕರಗಿಸಿ ಹಾಗೇ ಬಿಟ್ಟರೆ ಮರುದಿನ ಬಂದವರ ಕಸವೆಲ್ಲ ಒಳಗೆ ಉಳಿಯುತ್ತದೆ. ನಡುವೆ ಕರೆಂಟು ಹೋದರಂತೂ ದೇವರೇ ಗತಿ.

ಕುರುಗೋಡಿನದು ಚಿಕ್ಕ ಕೇಂದ್ರ. ಅಲ್ಲಿ ಒಂದೇ ಒಂದು ಯಂತ್ರದ ಮೇಲೆ ಮೊದಲು ಹಾಕಿ ನೋಡಿದೆ. ಹಾಕುವ ಮೊದಲು ಅದರ ಡಿಸ್ಕಿನ ಪೂರ್ತಿ ನಕಲು ತೆಗೆದಿಟ್ಟುಕೊಂಡಿದ್ದೆ, ಪುಣ್ಯಕ್ಕೆ. ಎರಡನೇ ಸಲ ಹತ್ತುವಾಗ ಅದು ಕಪ್ಪು ಪರದೆಯ ಮೇಲೆ ಬಿಳಿ ಗೆರೆ ಮಿಟುಕಿಸುತ್ತ ನಿಂತುಬಿಟ್ಟಿತು. ಹಳೆಯ ಅಪ್‌ಡೇಟ್ ಒಂದು ಅರ್ಧಕ್ಕೆ ನಿಂತದ್ದು ಒಳಗೆ ಬಾಕಿ ಇತ್ತು, ಅದರ ಮೇಲೆ ಪ್ಯಾಚ್ ಕೂತು ಎರಡೂ ಜಗಳಕ್ಕೆ ಬಿದ್ದಿದ್ದವು. ನಕಲಿನಿಂದ ಯಂತ್ರವನ್ನು ಮತ್ತೆ ಎಬ್ಬಿಸಿ, ಬಾಕಿ ಇದ್ದದ್ದನ್ನು ಮುಗಿಸಿ, ಮತ್ತೆ ಪ್ಯಾಚ್ ಹಾಕಿದೆ. ಈ ಸಲ ಎದ್ದಿತು. ಆದರೂ ಎರಡು ದಿನ ಬಿಟ್ಟು ನೋಡೋಣ ಎಂದೆ.

ಮಾಲೀಕರು ಫೋನಿನಲ್ಲಿ ರೇಗಿದರು. "ಒಂದು ಮಷೀನಿಗೆ ಎಷ್ಟು ದಿನಾ ಕೂಡ್ತೀಯಮ್ಮಾ? ಎಲ್ಲಾ ಒಟ್ಟಿಗೇ ಹಾಕಿ ಮುಗಿಸು."

"ಹಾಕ್ತೀನ್ರಿ," ಎಂದೆ. "ಎಲ್ಲಾ ಒಟ್ಟಿಗೇ ಸತ್ತ್ರ ಮಂಗಳವಾರ ಸಿರುಗುಪ್ಪದ ಪರೀಕ್ಷಾಕ್ಕ ಎಲ್ಲಾರಿಗೂ ಪಾಟಿ ಬಳಪ ಕೊಟ್ಟು ಕೂಡಿಸ್ತೀರೇನು?"

ಅವರು ಫೋನ್ ಇಟ್ಟರು. ಆತುರಗಾರನಿಗೆ ಬುದ್ಧಿ ಮಟ್ಟ ಎಂದು ನಾನು ಇಟ್ಟ ಫೋನಿಗೇ ಹೇಳಿದೆ. ಕುರುಗೋಡು ಮುಗಿಯಿತು, ಬಳ್ಳಾರಿ ಮುಗಿಯಿತು. ಭಾನುವಾರ ಸಿರುಗುಪ್ಪಕ್ಕೆ ಹೋದೆ.

ಸಿರುಗುಪ್ಪದ ಕೇಂದ್ರ ನಡೆಸುವವರು ಒಬ್ಬ ಟೀಚರಮ್ಮ. ದೇಶನೂರಿನಿಂದ ದಿನಾ ಬಂದು ಹೋಗುತ್ತಾರೆ. ಮೆತ್ತನೆಯ ಹೆಣ್ಣುಮಗಳು, ನಾನು ಹೇಳಿದ್ದಕ್ಕೆಲ್ಲ ಹ್ಞೂಂ ಎನ್ನುವವರು. ಆ ದಿನ ಮಾತ್ರ ಒಂದೊಂದೇ ಯಂತ್ರ ಮುಗಿಸಿ ನಾನು ಮೂಲೆಯದರ ಹತ್ತಿರ ಬಂದಾಗ ಅಡ್ಡ ನಿಂತುಬಿಟ್ಟರು. ಎರಡೂ ಕೈ ಚಾಚಿ, ಬಾಗಿಲು ಕಾಯುವವರ ಹಾಗೆ.

"ಇದೊಂದು ಬ್ಯಾಡ್ರಿ ಅಕ್ಕಾರ."

"ಯಾಕ? ಇದಕ್ಕೇನು ಮಡಿ?"

"ಇದನ್ನ ಆಫ್ ಮಾಡಂಗಿಲ್ರಿ. ತಿಂಗಳಾತು ಆಫ್ ಮಾಡಿಲ್ಲ."

ನನಗೆ ಪಿತ್ತ ನೆತ್ತಿಗೇರಿತು. ಪರದೆ ಆರಿತ್ತು, ಆದರೆ ಕೆಳಗಿನ ಪೆಟ್ಟಿಗೆ ಗುಂಯ್ ಎನ್ನುತ್ತಿತ್ತು. ಕೇಂದ್ರದ ಇನ್ವರ್ಟರಿಗೆ ಅದನ್ನು ಸಿಕ್ಕಿಸಿ, ಸ್ವಿಚ್ಚಿನ ಮೇಲೆ ಪಟ್ಟಿ ಅಂಟಿಸಿ, ಕರೆಂಟು ಹೋದರೂ ಆರದ ಹಾಗೆ ಮಾಡಿದ್ದರು. ನಾನು ಪರದೆ ಹಚ್ಚಿದೆ. ಒಂದು ಜೀನ್ಸ್ ಪ್ಯಾಂಟನ್ನು ಬಿಡಿಬಿಡಿ ಮಾಡಿ ಹರವಿದಂತೆ ಗೆರೆಗಳು ಬಂದವು. ಮುಂದಿನ ಭಾಗ, ಹಿಂದಿನ ಭಾಗ, ಸೊಂಟದ ಪಟ್ಟಿ, ಜೇಬು, ಪ್ರತಿ ಗೆರೆಯ ತುದಿಯಲ್ಲೂ ಒಂದು ಚುಕ್ಕಿ.

ಟೀಚರಮ್ಮ ಅಳುದನಿಯಲ್ಲಿ ಎಲ್ಲ ಹೇಳಿದರು. ಸಿರುಗುಪ್ಪದ ಒಬ್ಬ ಹೆಂಗಸು ಬಳ್ಳಾರಿಯ ಒಂದು ಜೀನ್ಸ್ ಯೂನಿಟ್ಟಿನಲ್ಲಿ ಹೊಲಿಯಲು ಹೋಗುತ್ತಿದ್ದಳು. ಕೇಂದ್ರದಲ್ಲಿ ಎಲ್ಲರೂ ಆಕೆಯನ್ನು ಹೊಲಿಗೆಯಕ್ಕ ಎನ್ನುತ್ತಿದ್ದರು. ಮಷೀನಿನ ಸೂಜಿ ಆಕೆಯ ಹೆಬ್ಬೆರಳಿನೊಳಗೆ ಇಳಿದು ಮುರಿದಿತ್ತು. ಗಾಯ ಮಾಯ್ದರೂ ಬೆರಳಿಗೆ ಬಟ್ಟೆಯ ಅಂಚು ತಿಳಿಯುತ್ತಿರಲಿಲ್ಲ, ಮೊದಲಿನ ವೇಗ ಬರುತ್ತಿರಲಿಲ್ಲ. ಹೊಲಿಗೆಯಿಂದ ತೆಗೆದುಹಾಕಿದರು. ಅದೇ ಯೂನಿಟ್ಟಿನ ಕಟಿಂಗ್ ಮಾಸ್ಟರಿಗೆ ಕಂಪ್ಯೂಟರಿನಲ್ಲಿ ಪ್ಯಾಟರ್ನ್ ಬರೆಯಲು ಒಬ್ಬರು ಬೇಕಾಗಿದ್ದರು. ಪ್ಯಾಟರ್ನ್ ಎಂದರೆ ಬಟ್ಟೆ ಕತ್ತರಿಸುವ ಮೊದಲು ಬರೆಯುವ ಅಳತೆಯ ನಕ್ಷೆ. ಒಂದು ಪೂರ್ತಿ ಪ್ಯಾಂಟು ನೀನೇ ಬರೆದು ತೋರಿಸು, ಬಂದರೆ ಆ ಕುರ್ಚಿ ನಿನ್ನದು, ಬಾರದಿದ್ದರೆ ಹೊರಗಿನವರನ್ನು ತರಿಸುತ್ತೇನೆ ಎಂದಿದ್ದನಂತೆ ಆತ. ತೋರಿಸಬೇಕಾದ ದಿನ ಮರುದಿನ, ಸೋಮವಾರ. ಅಂದು ಅಮಾವಾಸ್ಯೆ. ಪೂಜೆ ಆಗುವ ತನಕ ಅಲ್ಲಿ ಹೊಲಿಗೆ ಮಷೀನು ಓಡುವುದಿಲ್ಲ, ಮಾಸ್ಟರಿಗೆ ಪುರಸೊತ್ತು.

"ಅದಕ್ಕೇನೀಗ?" ಎಂದೆ. "ಪೆನ್‌ಡ್ರೈವಿಗೆ ಹಾಕಿ ಕೊಡ್ರಿ, ನಾನು ನನ್ನ ಕೆಲಸ ಮಾಡ್ತೀನಿ."

"ಸೇವೇ ಆಗಂಗಿಲ್ರಿ ಅಕ್ಕಾರ."

ಆಗಲೇ ನನಗೆ ಅರ್ಥವಾದದ್ದು. ಅದು ಪ್ಯಾಟರ್ನ್ ತಂತ್ರಾಂಶದ ಪುಕ್ಕಟೆ ಆವೃತ್ತಿ. ಬರೆಯಬಹುದು, ಉಳಿಸಲು ಬರುವುದಿಲ್ಲ. ಉಳಿಸುವುದಕ್ಕೆ ಕಾಸು ಕೊಟ್ಟು ಕೊಳ್ಳಬೇಕು. ಇವರಿಬ್ಬರೂ ಕಂಡುಕೊಂಡ ದಾರಿ ಎಂದರೆ ಯಂತ್ರವನ್ನು ಆರಿಸದೇ ಇರುವುದು! ದಿನಾ ಸಂಜೆ ಪರದೆ ಮಾತ್ರ ಆರಿಸುವುದು, ಮರುದಿನ ಹಚ್ಚುವುದು, ನಿಂತಲ್ಲಿಂದ ಮುಂದುವರಿಸುವುದು. ಆ ಇಡೀ ಪ್ಯಾಂಟು ಎಲ್ಲೂ ಬರೆದಿಟ್ಟದ್ದಲ್ಲ. ಕರೆಂಟು ಇರುವ ತನಕ ಇರುತ್ತದೆ, ಅಷ್ಟೇ. ಐಸ್ ಹಾಕಿದ ಯಂತ್ರದ ಮೇಲೆ ಇಂಥ ಕೆಲಸ ಮಾಡಲು ನಮ್ಮ ಸಿರುಗುಪ್ಪದವರೇ ಬೇಕು.

ನಾನು ಬೈದೆ. ಸಣ್ಣಗಲ್ಲ, ಬೀದಿಗೆ ಕೇಳುವ ಹಾಗೆ ಬೈದೆ. ಬೈಯುತ್ತಿರುವಾಗಲೇ ಹೊಲಿಗೆಯಕ್ಕ ಒಳಗೆ ಬಂದಳು. ನನ್ನ ವಯಸ್ಸಿನವಳೇ. ಬಾಗಿಲಲ್ಲಿ ಚಪ್ಪಲಿ ಬಿಟ್ಟು, ಸೆರಗು ಸೊಂಟಕ್ಕೆ ಸಿಕ್ಕಿಸಿ, ನಾನು ಮುಗಿಸುವ ತನಕ ನಿಂತೇ ಕೇಳಿದಳು.

"ಬೈರಿ ಅಕ್ಕಾರ, ತಪ್ಪಿಲ್ಲ," ಎಂದಳು. "ಆದ್ರ ನಾಳಿ ತನಕ ಆರಿಸಬ್ಯಾಡ್ರಿ. ನಿಮ್ಮ ಕಾಲು ಬೇಕಂದ್ರ ಹಿಡೀತೀನಿ."

ಹಿಡಿಯುವವಳೇ ಆಕೆ, ಬಗ್ಗಿದ್ದಳು ಆಗಲೇ. ನಾನು ಭುಜ ಹಿಡಿದು ಎತ್ತಿದೆ. ನಂತರ ಆ ಯಂತ್ರದ ನೆಟ್‌ವರ್ಕ್ ವೈರನ್ನು ಕಿತ್ತು ಪಕ್ಕಕ್ಕಿಟ್ಟೆ, ಅದರ ಬಿರುಕಿನಿಂದ ಉಳಿದವಕ್ಕೆ ಏನೂ ತಗಲದಿರಲಿ ಎಂದು. ಮಂಗಳವಾರದ ಪರೀಕ್ಷೆಗೆ ಮುಂಚೆ ಅದಕ್ಕೂ ಪ್ಯಾಚ್ ಆಗಲೇಬೇಕು ಎಂದೆ. ಸೋಮವಾರ ಮಧ್ಯಾಹ್ನದ ಮೇಲೆ ನೀವು ಏನು ಬೇಕಾದರೂ ಮಾಡಿಕೊಳ್ಳಿ ಎಂದಳು ಆಕೆ.

ಫೋನಿನಲ್ಲಿ ಒಂದೊಂದು ಭಾಗದ ಫೋಟೋ ತೆಗೆದೆವು. ಚುಕ್ಕಿಯ ಮೇಲೆ ಒತ್ತಿದಾಗ ಅಳತೆಯ ಅಂಕಿ ತೋರುತ್ತದೆ, ಆಕೆ ಒತ್ತಿದ ಹಾಗೆ ನಾನು ತೆಗೆದೆ. ಆದರೆ ಆಕೆಗೆ ಸಮಾಧಾನವಾಗಲಿಲ್ಲ. "ಫೋಟೋ ನೋಡಿ ಮಾಸ್ಟರ್ ಕೆಲಸ ಕೊಡಂಗಿಲ್ರಿ. ಸೊಂಟ ಎರಡಿಂಚು ದೊಡ್ಡದ ಮಾಡು ಅಂತಾನ. ಎಳದ್ರ ಎಲ್ಲಾ ಭಾಗನೂ ಸರಿಯಾಗಿ ಜರಗಬೇಕು. ಫೋಟೋದಾಗ ಏನು ಜರಗತೈತಿ?"

"ಮತ್ತ ನಾಳಿ ಏನು ತೋರಿಸ್ತೀ?"

ಆಕೆ ಪೆಟ್ಟಿಗೆಯನ್ನು ನೋಡಿದಳು, ಇನ್ವರ್ಟರನ್ನು ನೋಡಿದಳು. "ಇದನ್ನೇ ಒಯ್ಯೂಣ್ರಿ. ಹಿಂಗೇ, ಆರಿಸದಂಗ."

ನನಗೆ ನಗು ಬಂತು. ಆಕೆ ನಗಲಿಲ್ಲ. ಯೋಚಿಸುತ್ತ ಹೋದ ಹಾಗೆ ನನ್ನ ನಗುವೂ ನಿಂತಿತು. ಯಂತ್ರ ಇರುವುದು ಇನ್ವರ್ಟರಿನ ಮೇಲೆ. ಗೋಡೆಯಿಂದ ಇನ್ವರ್ಟರಿನ ಪ್ಲಗ್ ಕಿತ್ತರೆ ಅದು ಬ್ಯಾಟರಿಯ ಮೇಲೆ ನಡೆಯುತ್ತದೆ. ಮೂರನ್ನೂ ಒಟ್ಟಿಗೆ ಎತ್ತಿ ಗಾಡಿಯಲ್ಲಿಟ್ಟರೆ? ಬ್ಯಾಟರಿ ಹಳೆಯದು. ಬಳ್ಳಾರಿ ಮುಟ್ಟುವ ತನಕ ತಡೆದೀತೆಂದು ನಾನು ಯಾರಿಗೂ ಬರೆದುಕೊಡಲಾರೆ. ತಿರುಗುತ್ತಿರುವ ಡಿಸ್ಕು ರಸ್ತೆಯ ಗುಂಡಿಯಲ್ಲಿ ಒಂದು ಜೋರು ಏಟು ತಿಂದರೂ ಮುಗಿಯಿತು. ಆದರೆ ಬೇರೆ ದಾರಿ ಯಾರ ಹತ್ತಿರವೂ ಇರಲಿಲ್ಲ.

ಮಾಲೀಕರಿಗೆ ಫೋನ್ ಮಾಡಿ, ಒಂದು ಮಷೀನು ಸರಿ ಇಲ್ಲ, ಬಳ್ಳಾರಿಗೇ ತರುತ್ತೇನೆ ಎಂದೆ. ಸುಳ್ಳೇನೂ ಅಲ್ಲ. ಆ ರಾತ್ರಿ ದೇಶನೂರಿನಲ್ಲಿ ಟೀಚರಮ್ಮನ ಮನೆಯಲ್ಲೇ ಉಳಿದೆ.

ಬೆಳಿಗ್ಗೆ ಟೀಚರಮ್ಮ ಅಕ್ಕಿ ಗಿರಣಿಯ ಲಗೇಜ್ ಆಟೊ ಒಂದನ್ನು ಮಾತಾಡಿ ತಂದಿದ್ದರು. ಓಡಿಸುವವನು ಗಾಲಿಯ ಕೆಳಗೆ ನಿಂಬೆಹಣ್ಣು ಇಟ್ಟು, ಕೈ ಮುಗಿದು, ನಂತರ ನಮ್ಮ ಸಾಮಾನು ನೋಡಿದ. ಇನ್ವರ್ಟರಿನ ಪ್ಲಗ್ ಕಿತ್ತೆ. ಕೀಂಯ್ ಎಂದು ಅದು ಕೂಗಲು ಶುರು ಮಾಡಿತು. ಪೆಟ್ಟಿಗೆಯ ಹಸಿರು ದೀಪ ಆರಲಿಲ್ಲ. ಬ್ಯಾಟರಿಗೆ ನಾನು ಮತ್ತು ಆಟೊದವನು, ಪೆಟ್ಟಿಗೆಗೆ ಹೊಲಿಗೆಯಕ್ಕ, ಇನ್ವರ್ಟರಿಗೆ ಟೀಚರಮ್ಮ, ನಡುವೆ ವೈರು ಜಗ್ಗದ ಹಾಗೆ ಎಲ್ಲರೂ ಒಂದೇ ಹೆಜ್ಜೆ. ಹಡೆಯುವವಳನ್ನು ಮಂಚದ ಮೇಲೆ ಹೊತ್ತು ಹೋಗುವವರ ಹಾಗೆ ಬಾಗಿಲು ದಾಟಿದೆವು.

"ಏಮಕ್ಕಾ, ಲೋಪಲ ಏಮುಂದಿ?" ಎಂದ ಆಟೊದವನು, ಒಳಗೇನಿದೆ ಎಂದು.

"ಒಂದು ಪ್ಯಾಂಟ್ ಐತಿ," ಎಂದೆ. "ಮೆಲ್ಲಗ ಹೊಡಿ, ಹರಿದೀತು."

ಟೀಚರಮ್ಮ ಕೇಂದ್ರದಲ್ಲೇ ಉಳಿದರು. ನಾವಿಬ್ಬರೂ ಹಿಂದೆ ಕೂತೆವು. ಹೊಲಿಗೆಯಕ್ಕ ಮನೆಯಿಂದ ಕೌದಿ ತಂದಿದ್ದಳು. ಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟುಕೊಂಡು ಕೂಸಿಗೆ ಹೊದಿಸಿದಂತೆ ಹೊದಿಸಲು ಹೋದಳು. "ಮ್ಯಾಲ ಅಲ್ಲವ್ವಾ, ಕೆಳಗ ಹಾಕು! ಮ್ಯಾಲ ಹಾಕಿದ್ರ ಉಸಿರು ಕಟ್ಟಿ ಸಾಯ್ತೈತಿ," ಎಂದು ಕಿರುಚಿದೆ. ಆಕೆ ಬೆಚ್ಚಿ ಕೌದಿಯನ್ನು ತೊಡೆಗೂ ಪೆಟ್ಟಿಗೆಗೂ ನಡುವೆ ತುರುಕಿದಳು. ಕಾಲುವೆಯ ಬದಿಯ ಗದ್ದೆಗಳು ಹಿಂದೆ ಸರಿದವು, ನಾನು ಒಂದನ್ನೂ ನೋಡಲಿಲ್ಲ. ನನ್ನ ಕಣ್ಣು ಇದ್ದದ್ದು ಬ್ಯಾಟರಿ ಎಷ್ಟು ಉಳಿದಿದೆ ಎಂದು ತೋರಿಸುವ ಇನ್ವರ್ಟರಿನ ದೀಪಗಳ ಮೇಲೆ. ಹೊರಡುವಾಗ ಎಲ್ಲವೂ ಉರಿಯುತ್ತಿದ್ದವು.

ತೆಕ್ಕಲಕೋಟೆಗೆ ಮುಂಚೆ ಕುರಿಹಿಂಡು ರಸ್ತೆಗೆ ಬಂತು. ಸಾವಿರ ಇದ್ದವೋ ಏನೋ, ಮುಗಿಯುವಂತೆಯೇ ಕಾಣಲಿಲ್ಲ. ಆಟೊದವನು ಹಾರ್ನು ಹೊಡೆದ, ಕುರಿಗಳು ಗಾಬರಿಯಾಗಿ ಇನ್ನೂ ಅಡ್ಡ ತಿರುಗಿದವು. ನಾನು ಕೆಳಗಿಳಿದು ಕೈ ಬೀಸಿ ಓಡಿಸಿದೆ, ಕುರುಬನ ಬಾಯಲ್ಲಿ ನಾಲ್ಕು ಮಾತು ಕೇಳಿಸಿಕೊಂಡೆ, ನಾನೂ ನಾಲ್ಕು ಹೇಳಿದೆ. ಹತ್ತಿ ನೋಡಿದರೆ ದೀಪಗಳಲ್ಲಿ ಒಂದು ಆರಿತ್ತು.

"ಆರೀತೇನ್ರಿ ಅಕ್ಕಾರ?" ಎಂದಳು.

"ಸುಮ್ನ ಕೂಡು. ಬಾಯಾಗಿಂದ ಅಂಥಾ ಮಾತು ತಗೀಬ್ಯಾಡ."

ಆಕೆ ಸುಮ್ಮನೆ ಕೂಡಲಿಲ್ಲ. ಮಾತಾಡತೊಡಗಿದಳು. ಕೆಲಸ ಬಿಡಿಸಿದ ದಿನ ಮನೆಗೆ ಹೋಗಿ ಯಾರಿಗೂ ಹೇಳಲಿಲ್ಲವಂತೆ. ದಿನಾ ಬುತ್ತಿ ಕಟ್ಟಿಕೊಂಡು ಹೊರಟು ನಮ್ಮ ಕೇಂದ್ರಕ್ಕೆ ಬಂದು ಕೂಡುತ್ತಿದ್ದಳಂತೆ. ಇನ್ನೂ ಮನೆಯವರಿಗೆ ಗೊತ್ತಿಲ್ಲ. "ಇವತ್ತು ಆಗಲಿಲ್ಲಂದ್ರ ಹೇಳಬೇಕು," ಎಂದಳು. "ಹೇಳಾಕ ನನಗ ಬಾಯಿಲ್ರಿ." ಪೆಟ್ಟಿಗೆಯ ಮೇಲಿದ್ದ ಆಕೆಯ ಕೈ ಮೇಲೆ ಕೈ ಇಟ್ಟೆ, ಪೆಟ್ಟಿಗೆ ಬಿಸಿಯಾಗಿತ್ತು.

ಬಳ್ಳಾರಿಯ ಒಳಗೆ ಬಂದಾಗ ಒಂದೇ ದೀಪ ಉಳಿದಿತ್ತು, ಅದೂ ಕೆಂಪು. ಯೂನಿಟ್ಟಿನ ಮುಂದೆ ಗಾಡಿ ನಿಂತಾಗ ಕೂಗು ಇನ್ನೂ ಜೋರಾಗಿತ್ತು. ಕಟಿಂಗ್ ಮಾಸ್ಟರ್ ಹೊರಗೆ ಬಂದರು. ಬಿಳಿ ಪಂಚೆ, ಹಣೆಯ ತುಂಬ ವಿಭೂತಿ.

"ಏನಿದು, ಮದುಮಗನ್ನ ತಂದಂಗ ತಂದೀರಿ?" ಎಂದರು.

"ಮದ್ಲು ಒಂದು ಟೇಬಲ್ ಕೊಡ್ರಿ, ಆಮ್ಯಾಲ ನಗೋರಂತಿ," ಎಂದೆ.

ಪೆಟ್ಟಿಗೆಯನ್ನು ಟೇಬಲ್ ಮೇಲಿಟ್ಟು ಅಲ್ಲಿದ್ದ ಪರದೆ, ಮೌಸು ಸಿಕ್ಕಿಸಿದೆ. ಅರೆ ಗಳಿಗೆ ಏನೂ ಬರಲಿಲ್ಲ. ಆಮೇಲೆ ಬಂತು. ಒಂದು ಗೆರೆಯೂ ತಪ್ಪಿರಲಿಲ್ಲ. ಹೊಲಿಗೆಯಕ್ಕ ಗಲ್ಲ ಗಲ್ಲ ಬಡಿದುಕೊಂಡಳು, ಗುಡಿಯಲ್ಲಿ ಬಡಿದುಕೊಳ್ಳುವ ಹಾಗೆ.

ಮಾಸ್ಟರ್ ನಗು ನಿಲ್ಲಿಸಿ ಪರದೆಗೆ ಬಗ್ಗಿದರು. "ಸೊಂಟ ಎರಡು ಇಂಚು ಏರಿಸು," ಎಂದರು. ಆಕೆ ಏರಿಸಿದಳು. ಮುಂದಿನ ಭಾಗ ಅಷ್ಟಕ್ಕೆ ಅಷ್ಟೇ ಜರುಗಿತು. "ಹ್ಞೂಂ," ಎಂದರು ಅವರು. ಅಷ್ಟರಲ್ಲಿ ಒಳಗಿನಿಂದ ಯಾರೋ ಪೂಜೆಗೆ ಕರೆದರು. "ಬರ್ತೀನಿ ತಡಿ. ಬಂದು ಹಿಂದಿನ ಭಾಗ ನೋಡ್ತೀನಿ."

ನಾನು ಇನ್ವರ್ಟರಿನ ಪ್ಲಗ್ಗನ್ನು ಅವರ ಗೋಡೆಗೆ ಸಿಕ್ಕಿಸಿದೆ. ಕೂಗು ನಿಂತಿತು. ಬೆಳಿಗ್ಗೆಯಿಂದ ಕಿವಿಯಲ್ಲೇ ಇದ್ದದ್ದು ಒಮ್ಮೆಗೇ ಹೋಗಿ ತಲೆ ಹಗುರಾಯಿತು. ನೀರು ಕುಡಿಯೋಣ ಎಂದು ಕೊಡದ ಹತ್ತಿರ ಹೋದೆ. ಲೋಟ ಕೈಯಲ್ಲಿದ್ದಾಗ ಮಾಸ್ಟರ್ ಕುಂಕುಮದ ತಟ್ಟೆ ಹಿಡಿದು ಹೊಲಿಗೆ ಮಷೀನುಗಳ ಸಾಲಿನ ಕಡೆ ನಡೆದದ್ದು ಕಂಡಿತು. ಅವರು ಗೋಡೆಯ ಹತ್ತಿರ ನಿಂತು ಕೈ ಮೇಲೆತ್ತಿದರು. ಒದ್ದೆ ಕೈಯಲ್ಲಿ ಮಷೀನುಗಳಿಗೆ ಕುಂಕುಮ ಹಚ್ಚುವ ಮೊದಲು ಮೇನ್ ಸ್ವಿಚ್ ಇಳಿಸುವುದು ಅವರ ಪದ್ಧತಿ. ಬುದ್ಧಿವಂತರ ಪದ್ಧತಿ, ಅದರಲ್ಲಿ ತಪ್ಪೇನೂ ಇಲ್ಲ.

"ನಿಲ್ರೀ!" ಎಂದೆ. ಖಟ್ ಎಂದಿತು.

ಫ್ಯಾನುಗಳು ನಿಂತವು. ಇನ್ವರ್ಟರ್ ಒಮ್ಮೆ ಕೂಗಿತು, ಅರ್ಧ ಕೂಗಿಗೇ ಸತ್ತಿತು. ಪರದೆ ಕಪ್ಪಾಯಿತು.

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಎನ್ನುವುದನ್ನು ಎಷ್ಟೋ ಸಲ ಕೇಳಿದ್ದೆ, ಹೇಳಿದ್ದೆ. ಕಣ್ಣಾರೆ ಕಂಡದ್ದು ಅಂದೇ. ಹೊಲಿಗೆಯಕ್ಕನ ಕೈ ಇನ್ನೂ ಮೌಸಿನ ಮೇಲಿತ್ತು. ಮೇನ್ ಮತ್ತೆ ಏರಿಸಿದರು, ಯಂತ್ರ ಹತ್ತಿತು, ನಮ್ಮ ಕೇಂದ್ರದ ನೀಲಿ ಪರದೆ ಬಂತು. ಚೊಕ್ಕಟ. ಪ್ಯಾಂಟೂ ಇಲ್ಲ, ಅದನ್ನು ಬರೆದ ತಂತ್ರಾಂಶವೂ ಇಲ್ಲ.

ಮಾಸ್ಟರ್ ತಟ್ಟೆ ಹಿಡಿದೇ ಬಂದರು. "ಎಲ್ಲಿ, ಹಿಂದಿನ ಭಾಗ?"

"ಹೋತ್ರಿ," ಎಂದಳು.

ನಾನು ತಡೆಯಲಾರದೆ ಹೋದೆ. ನಿಮ್ಮ ಪೂಜೆಗೆ ಇದೇ ಹೊತ್ತು ಬೇಕಿತ್ತೇ, ಹೇಳಿ ಇಳಿಸಿದ್ದರೆ ನಿಮ್ಮ ಗಂಟೇನು ಹೋಗುತ್ತಿತ್ತು ಎಂದು ಅವರ ಯೂನಿಟ್ಟಿನಲ್ಲೇ ನಿಂತು ಕೂಗಾಡಿದೆ. ಅವರಿಗೂ ಸ್ವಾಭಿಮಾನ ಇರುವುದಿಲ್ಲವೇ? ಮುಖ ಕೆಂಪಾಯಿತು. "ಸೇವ್ ಮಾಡಾಕ ಬರಲಾರದಾಕಿ ಪ್ಯಾಟರ್ನ್ ಏನ್ ಮಾಡ್ತಾಳ? ನಡೀರಿ, ನಡೀರಿ," ಎಂದರು. ನನ್ನ ಬಾಯಿಂದ ಆಕೆಯ ಕೆಲಸಕ್ಕೆ ಇನ್ನೊಂದು ಕಲ್ಲು ಬಿತ್ತು ಎಂದು ಆಗ ತಿಳಿದು, ನಾಲಿಗೆ ಕಚ್ಚಿಕೊಂಡೆ.

ಹೊಲಿಗೆಯಕ್ಕ ಎದ್ದು ನಿಂತಳು. "ಅಕ್ಕಾರ, ನೀವು ಸುಮ್ನಿರ್ರಿ," ಎಂದಳು ನನಗೆ. ನಂತರ ಅವರ ಕಡೆ ತಿರುಗಿದಳು. "ಮಾಸ್ಟರ್, ನಿಮ್ಮ ಮಷೀನಿನ ಮುಂದ ಕೂಡಿಸ್ರಿ. ಸೇವ್ ಆಗತೈತಲ್ಲ, ಅದರ ಮುಂದ. ಇಲ್ಲೇ ಬರೀತೀನಿ."

"ತಿಂಗಳ ಕೆಲಸ ಒಂದು ಮುಂಜಾನ್ಯಾಗ ಬರೀತೀಯೇನು?"

"ಬರದ್ರ ನೋಡ್ರಿ. ಇಲ್ಲಂದ್ರ ನಡಿ ಅನ್ರಿ, ಹೋಗ್ತೀನಿ."

ಅವರು ಆಕೆಯ ಹೆಬ್ಬೆರಳನ್ನು ನೋಡಿದರೋ ಏನೋ. "ಊಟದ ತನಕ," ಎಂದು ಕುರ್ಚಿ ತೋರಿಸಿ ಹೋದರು.

ಆಕೆ ಕೂತಳು. ಪಕ್ಕದಲ್ಲೇ ನಮ್ಮ ಯಂತ್ರ ಸುಮ್ಮನೆ ಇತ್ತು. ಇನ್ನು ಅದರಲ್ಲಿ ಕಾಪಾಡುವಂಥದ್ದು ಏನೂ ಇರಲಿಲ್ಲ. ಚೀಲದಿಂದ ನನ್ನ ಡ್ರೈವ್ ತೆಗೆದು ಐಸ್ ಕರಗಿಸಿದೆ, ಯಂತ್ರ ಆರಿ ಹತ್ತಿತು. ಆ ಕಡೆ ಆಕೆ ಮೊದಲ ಗೆರೆ ಎಳೆದಳು. "ತೊಡಿ ಸುತ್ತಳತಿ ಎಷ್ಟೈತ್ರಿ?" ಎಂದಳು. ನಾನು ಫೋನಿನ ಫೋಟೋ ನೋಡಿ ಹೇಳಿದೆ. "ಮೊಣಕಾಲಿಂದು?" ಹೇಳಿದೆ. ಈ ಕಡೆ ಬಾಕಿ ಅಪ್‌ಡೇಟ್ ಮುಗಿಯಿತು, ಪ್ಯಾಚ್ ಇಳಿಯತೊಡಗಿತು. ಒಂದು ಕಣ್ಣು ಅದರ ಮೇಲೆ, ಒಂದು ಕಣ್ಣು ಫೋನಿನ ಮೇಲೆ. ಆಕೆ ಒಂದು ಗೆರೆ ಎಳೆದು ಒಮ್ಮೆ ಸೇವ್ ಒತ್ತುತ್ತಿದ್ದಳು, ಚುಕ್ಕಿ ಸರಿಸಿ ಮತ್ತೊಮ್ಮೆ ಒತ್ತುತ್ತಿದ್ದಳು. ಸಾಕು ಬಿಡು ತಾಯಿ, ಉಳಿದೈತಿ ಎಂದೆ. ಕೇಳಲಿಲ್ಲ.

ಆರಿಸಲೇ ಎಂದು ನನ್ನ ಯಂತ್ರ ಕೇಳಿದಾಗ, ಎಷ್ಟೋ ಸಾವಿರ ಸಲ ಒತ್ತಿದ ಗುಂಡಿ ಅದು, ಆದರೂ ಒತ್ತುವ ಮುಂಚೆ ಆಕೆಯ ಪರದೆಯನ್ನು ತಿರುಗಿ ನೋಡಿದೆ. ಅದು ಬೇರೆ ಯಂತ್ರ, ಬೇರೆ ಪ್ಲಗ್ಗು, ಗೊತ್ತಿತ್ತು. ಆದರೂ ನೋಡಿದೆ.

ಮುಂದಿನ ಭಾಗ ಆಯಿತು. ಹಿಂದಿನ ಭಾಗ ಆಯಿತು. ಸೊಂಟದ ಪಟ್ಟಿ ಕೂತಿತು. ಜೇಬಿನ ಫೋಟೋ ತೆಗೆದು ನೋಡಿದರೆ ಕೈ ಅಲುಗಿ ಅಂಕಿಗಳೆಲ್ಲ ಮಸುಕು. ಎಂಟೋ ಮೂರೋ ಗೊತ್ತಾಗಲಿಲ್ಲ. ನಾನು ಫೋನನ್ನು ಹಿಗ್ಗಿಸಿದೆ, ಕುಗ್ಗಿಸಿದೆ, ಬೆಳಕಿಗೆ ಹಿಡಿದೆ. ಆಕೆ ಕಾಯುತ್ತಿದ್ದಳು. ಊಟದ ಡಬ್ಬಿ ತೆರೆಯುವ ಸದ್ದು ಆಗಲೇ ಶುರುವಾಗಿತ್ತು. "ಬಿಡ್ರಿ," ಎಂದು ಅಂದಾಜಿನ ಮೇಲೆ ಬರೆದಳು.

ಮಾಸ್ಟರ್ ಬಂದರು. ಕೂಡಲಿಲ್ಲ, ನಿಂತೇ ಮೌಸು ಹಿಡಿದರು. ಸೊಂಟ ಏರಿಸಿದರು, ಇಳಿಸಿದರು. ಹಿಂದಿನ ಭಾಗ ತಿರುಗಿಸಿ ನೋಡಿದರು. ಕಾಲಿನ ಉದ್ದ ಬದಲಿಸಿದರು, ಎಲ್ಲವೂ ಜರುಗಿತು. ಆಮೇಲೆ ಜೇಬನ್ನು ಎಳೆದು ತಂದು ಪ್ಯಾಂಟಿನ ಮೇಲೆ ಇಟ್ಟರು. ಅದು ಕೂಡಲಿಲ್ಲ, ಒಂದು ಬದಿ ಹೊರಗೆ ಉಳಿಯಿತು. ಇನ್ನೊಮ್ಮೆ ಇಟ್ಟರು. ಮತ್ತೆ ಉಳಿಯಿತು.

"ಜೇಬು ತಪ್ಪೈತಿ," ಎಂದರು.

ಹೊಲಿಗೆಯಕ್ಕ ತಲೆ ಬಗ್ಗಿಸಿ, ಸೊಂಟಕ್ಕೆ ಸಿಕ್ಕಿಸಿದ್ದ ಸೆರಗನ್ನು ಬಿಚ್ಚಿದಳು, ಹೊರಡುವವಳ ಹಾಗೆ. ಹಾಳಾದ ಆ ಫೋಟೋ ತೆಗೆದ ಕೈ ನನ್ನದೇ.

"ನಾಳಿ ಬಂದು ಸರಿ ಮಾಡು," ಎಂದರು ಮಾಸ್ಟರ್, ಮೌಸು ಬಿಟ್ಟು.

ಆಕೆ ಅವರನ್ನೇ ನೋಡಿದಳು. ನನ್ನನ್ನೂ ಒಮ್ಮೆ ನೋಡಿದಳು. "ನಾಳಿ ಎಷ್ಟೊತ್ತಿಗೆ ಬರ್ಲಿರಿ?"

ಅವರು ಆಗಲೇ ಕೈ ತೊಳೆಯಲು ನಡೆದಿದ್ದರು, ತಿರುಗಲಿಲ್ಲ. "ಎಲ್ಲಾರೂ ಬರೋ ಹೊತ್ತಿಗೆ ಬಾ."